ಪರದೆ ಪಕ್ಕ ಒಬ್ಬ ಸಾರಥಿ

ಜಪಾನಿನ ಹಳೆಯ ಮೂಕಿ ಹಾಸ್ಯಚಿತ್ರಗಳೆಂದರೆ ನನಗೆ ಪಂಚಪ್ರಾಣ. ಅದರಲ್ಲೂ ಯಾಸುಜಿರೊ ಓಜು 1932ರಲ್ಲಿ ತೆಗೆದ ‘ಹುಟ್ಟಿದ್ದೇನೋ ಹುಟ್ಟಿದೆವು, ಆದರೆ...’ ಚಿತ್ರವನ್ನು ಎಷ್ಟು ಸಲ ನೋಡಿದರೂ ತಣಿಯುವುದಿಲ್ಲ. ಟೋಕಿಯೋ ಹೊರವಲಯಕ್ಕೆ ಹೊಸದಾಗಿ ಬಂದ ಸಂಸಾರ, ಇಬ್ಬರು ಗಂಡುಮಕ್ಕಳು, ಓಣಿಯ ಹುಡುಗರ ಹೊಡೆದಾಟ. ಒಬ್ಬ ಬೆರಳಿನ ಸನ್ನೆ ಮಾಡಿದರೆ ಎದುರಿನವ ನೆಲಕ್ಕೆ ಬೀಳಬೇಕು, ಇನ್ನೊಂದು ಸನ್ನೆಗೆ ಏಳಬೇಕು. ತಮ್ಮನಾಗಿ ನಟಿಸಿದ ತೊಮಿಯೊ ಅವೊಕಿಯ ಮುಸುಡಿ ನೋಡಿದರೇ ಸಾಕು, ನಗು ಉಕ್ಕುತ್ತದೆ.

ಆ ನಗು ಒಂದು ಸಂಜೆ ಗಂಟಲಲ್ಲೇ ನಿಲ್ಲುತ್ತದೆ. ಅಪ್ಪನ ಸಾಹುಕಾರನ ಮನೆಯಲ್ಲಿ ಪುಟ್ಟ ಸಿನಿಮಾ ತೋರಿಸುತ್ತಾರೆ. ಜೀಬ್ರಾ ಕಂಡಾಗ, ಅದರ ಮೈ ಬಿಳಿಯೋ ಪಟ್ಟೆ ಬಿಳಿಯೋ ಎಂದು ಹುಡುಗರು ವಾದಕ್ಕಿಳಿಯುತ್ತಾರೆ. ಆಮೇಲೆ ಪರದೆ ಮೇಲೆ ಅಪ್ಪನೇ ಬರುತ್ತಾನೆ, ಸಾಹುಕಾರನನ್ನು ನಗಿಸಲು ಮುಖ ಸೊಟ್ಟ ಮಾಡುತ್ತಾನೆ. ದೊಡ್ಡವರೆಲ್ಲ ನಗುತ್ತಾರೆ, ಮಕ್ಕಳಿಬ್ಬರು ನಗುವುದಿಲ್ಲ.

ಆಳಂದದ ನಮ್ಮ ಮನೆಯಲ್ಲಿ ಓಣಿಯ ಹುಡುಗರನ್ನು ಕೂಡಿಸಿಕೊಂಡು ಈ ಚಿತ್ರ ಹಚ್ಚಿದಾಗ, ಮುಂದಿನ ಜಗಳವನ್ನು ನಮ್ಮ ಮಾತಿನಲ್ಲೇ ಹೇಳುತ್ತೇನೆ: “ಅಪ್ಪಾ, ಅವಗ ಯಾಕ ಅಷ್ಟು ಬಗ್ಗತಿ?” “ಪಗಾರ ಕೊಡ್ತಾನಪಾ.” “ಹಂಗಾರ ಪಗಾರ ತಗೋಬ್ಯಾಡ!” ಅಡತಿ ಅಂಗಡಿಯಲ್ಲಿ ತೊಗರಿ ಚೀಲ ಹೊರುವವರ ಮಕ್ಕಳಿಗೆ ಇದಕ್ಕಿಂತ ಹೆಚ್ಚು ಬಿಡಿಸಿ ಹೇಳಬೇಕಿಲ್ಲ.

ಜಪಾನಿನಲ್ಲಿ ಈ ಕೆಲಸಕ್ಕೆಂದೇ ‘ಬೆನ್ಶಿ’ ಇದ್ದ. ಪರದೆಯ ಪಕ್ಕದಲ್ಲಿದ್ದು ಎಲ್ಲ ಪಾತ್ರಗಳಿಗೂ ಒಬ್ಬನೇ ದನಿ ಕೊಡುತ್ತಿದ್ದ, ಕಥೆ ಹೇಳುತ್ತಿದ್ದ. ಮುಸೆಯಿ ತೊಕುಗಾವಾನಂಥವರು ತಾರೆಯರಷ್ಟೇ ಹೆಸರಾಗಿದ್ದರು. ನಿರ್ದೇಶಕ ಅಕಿರಾ ಕುರೊಸಾವಾನ ಅಣ್ಣನೂ ಬೆನ್ಶಿಯೇ. ಅಲ್ಲಿ ಮೂಕಿ ಚಿತ್ರ ಬಹುಕಾಲ ಬಾಳಿದ್ದಕ್ಕೆ ಇವರ ಜನಪ್ರಿಯತೆಯೂ ಒಂದು ಕಾರಣ. 1934ರಲ್ಲಿ ಕನ್ನಡದ ಮೊದಲ ವಾಕ್‌ಚಿತ್ರ ‘ಸತಿ ಸುಲೋಚನಾ’ ಮಾತಾಡಿದಾಗಲೂ ಓಜು ಮೂಕಿಯನ್ನೇ ತೆಗೆಯುತ್ತಿದ್ದ. ಅವನ ಮೊದಲ ವಾಕ್‌ಚಿತ್ರ ಬಂದದ್ದು 1936ರಲ್ಲಿ.

ನಮಗೆ ಬೆನ್ಶಿ ಹೊಸಬನಲ್ಲ. ದೊಡ್ಡಾಟದ ಸಾರಥಿ ರಂಗದ ಮೇಲೆ ನಿಂತು, ಬಂದ ರಾಜನನ್ನೇ ‘ನೀವ್ಯಾರು, ಎಲ್ಲಿಂದ ಬಂದ್ರಿ’ ಎಂದು ಕೇಳಿ, ಕಥೆಯನ್ನು ಜನಕ್ಕೆ ಮುಟ್ಟಿಸಿ, ನಗಿಸುತ್ತಾನೆ.

ಅಫಜಲಪುರ, ಜೇವರ್ಗಿ, ಆಳಂದದ ಮಾಸ್ತರರೇ, ಶಾಲೆಯ ಗೋಡೆಗೆ ಒಂದು ಬಿಳಿ ಬಟ್ಟೆ ಕಟ್ಟಿ ಈ ಚಿತ್ರ ತೋರಿಸಿ. ಪಕ್ಕದಲ್ಲಿ ನಿಮ್ಮೂರ ಸಾರಥಿಯನ್ನು ನಿಲ್ಲಿಸಿ. ಜಪಾನಿ ಬಾರದಿದ್ದರೂ ನಡೆಯುತ್ತದೆ, ಮಕ್ಕಳ ಮನಸ್ಸು ಬಲ್ಲವನಾದರೆ ಸಾಕು.