ಒಂದು ಗಿರಣಿಯ ವ್ಯಾಜ್ಯ

ನಿಂತುಹೋದ ಕಾರ್ಖಾನೆಯ ಮೌನ ಬಲು ಭಾರವಾದುದು. ಚುಂಚನಕಟ್ಟೆಯ ಸಕ್ಕರೆ ಕಾರ್ಖಾನೆ ಕಬ್ಬು ಅರೆಯದೆ ನಿಂತ ವರ್ಷಗಳಲ್ಲಿ ಕೃಷ್ಣರಾಜನಗರದ ಕಡೆಯ ಬೆಳೆಗಾರರು ಅದನ್ನು ಚೆನ್ನಾಗಿ ಅರಿತರು. ಅಂತಹ ಹೊತ್ತಿನಲ್ಲಿ, ದುಡಿಯುವವರ ಅನ್ನ ನಿಲ್ಲದಂತೆ ಸರ್ಕಾರವೇ ವಹಿಸಿಕೊಳ್ಳಲೆಂದು ಜನ ಬಯಸುವುದು ಸಹಜ. ಆದರೆ ವಹಿಸಿಕೊಳ್ಳುವ ಕೈಗೂ ಒಂದು ಮೇರೆ ಬೇಡವೆ?

ಈ ಪ್ರಶ್ನೆಯನ್ನು ಬೆಂಗಳೂರಿನ ಮಿನರ್ವ ಬಟ್ಟೆಗಿರಣಿಯ ವ್ಯಾಜ್ಯವು ದೇಶದ ಮುಂದಿಟ್ಟಿತು. ಗಿರಣಿಯ ಸ್ಥಿತಿಗತಿಯನ್ನು ವಿಚಾರಿಸಲು ಕೇಂದ್ರ ಸರ್ಕಾರವು 1970ರಲ್ಲಿ ಸಮಿತಿಯೊಂದನ್ನು ನೇಮಿಸಿತು. 1971ರಲ್ಲಿ ಆಡಳಿತವನ್ನು ರಾಷ್ಟ್ರೀಯ ಜವಳಿ ನಿಗಮಕ್ಕೆ ಒಪ್ಪಿಸಿತು. 1974ರ ಶಾಸನದಿಂದ ಒಡೆತನವೂ ಕೈಬಿಟ್ಟಿತು. ಸಾಲದುದಕ್ಕೆ, ಸಂಸತ್ತು ಸಂವಿಧಾನಕ್ಕೆ ಮಾಡುವ ಯಾವ ತಿದ್ದುಪಡಿಯನ್ನೂ ನ್ಯಾಯಾಲಯದಲ್ಲಿ ಪ್ರಶ್ನಿಸಕೂಡದೆಂದು 1976ರ ನಲವತ್ತೆರಡನೆಯ ತಿದ್ದುಪಡಿಯು ವಿಧಿಸಿತ್ತು.

ಮಾಲೀಕರು ಸರ್ವೋಚ್ಚ ನ್ಯಾಯಾಲಯದ ಮೆಟ್ಟಿಲೇರಿದರು. ನಾನಿ ಪಾಲ್ಖೀವಾಲರು ಅವರ ಪರವಾಗಿ ವಾದಿಸಿದರು. 1980ರಲ್ಲಿ ನ್ಯಾಯಾಲಯವು ಆ ವಿಧಿಯನ್ನು ಅಸಿಂಧುವೆಂದು ಸಾರಿತು. ತಿದ್ದುವ ಅಧಿಕಾರವು ಮಿತವಾದುದು. ತನ್ನ ಮಿತಿಯನ್ನು ತಾನೇ ಅಳಿಸಿಕೊಳ್ಳುವ ಹಕ್ಕು ಅದಕ್ಕಿಲ್ಲ ಎಂಬುದೇ ಆ ತೀರ್ಪಿನ ಸಾರ.

ಗಿರಣಿಯಾದರೋ ಹಿಂದಿರುಗಲಿಲ್ಲ. 1986ರಲ್ಲಿ ಅದೇ ನ್ಯಾಯಾಲಯವು ರಾಷ್ಟ್ರೀಕರಣವನ್ನು ಎತ್ತಿಹಿಡಿಯಿತು. ಇದರಲ್ಲಿ ವಿರೋಧವೇನೂ ಇಲ್ಲ. ರೋಗಿಯ ಮನೆಯೊಳಕ್ಕೆ ವೈದ್ಯನು ಬರಬಹುದು. ಬಂದವನು ಬಾಗಿಲನ್ನೇ ಕಿತ್ತೊಯ್ಯಬಾರದು, ಅಷ್ಟೆ. ಮಾಲೀಕರು ಸ್ವಂತ ಸೊತ್ತಿಗಾಗಿ ಹೂಡಿದ ವ್ಯಾಜ್ಯದಿಂದ ಅವರಿಗೆ ಸೊತ್ತು ದಕ್ಕಲಿಲ್ಲ. ಆದರೆ ಆ ಗಿರಣಿಯ ಹೆಸರನ್ನೇ ಕೇಳದ ಹುಣಸೂರು, ಪಿರಿಯಾಪಟ್ಟಣ, ಹೆಗ್ಗಡದೇವನಕೋಟೆಯ ಬಡ ರೈತನಿಗೂ ಅದು ಒಂದು ರಕ್ಷೆಯಾಯಿತು.