ಕುಡುಕನ ಕ್ಯಾಸೆಟ್ಟು

ಹಾಸ್ಯನಟ ರಾಜು ತಾಳಿಕೋಟಿಯವರ ಮುಖ ನೋಡುವ ಎಷ್ಟೋ ವರ್ಷ ಮೊದಲೇ ಅವರ ದನಿ ನನಗೆ ಬಾಯಿಪಾಠವಾಗಿತ್ತು. ಕುಕನೂರಿನ ಬಸ್‌ಸ್ಟ್ಯಾಂಡಿನ ಹತ್ತಿರ ನಮ್ಮ ದೊಡ್ಡಪ್ಪನದು ಒಗ್ಗರಣೆ-ಮಿರ್ಚಿ ಅಂಗಡಿ. ಗಲ್ಲಾದ ಮಗ್ಗುಲಲ್ಲಿ ಟೇಪ್‌ರೆಕಾರ್ಡರ್. ಮುಂಜಾನೆ ಎರಡು ಭಕ್ತಿಗೀತೆ ಮುಗಿದವೆಂದರೆ ಅವರ ‘ಕಲಿಯುಗದ ಕುಡುಕ’ ನಾಟಕದ ಕ್ಯಾಸೆಟ್ಟು ಶುರು. ಗದಗಿನ ಬಸ್ಸು ಹಾರ್ನ್ ಹೊಡೆಯುತ್ತಿದ್ದರೂ ‘ತಡೀರೀ, ಇದೊಂದು ಮಾತು ಮುಗೀಲಿ’ ಎಂದು ಕಂಡಕ್ಟರೇ ಪ್ಲೇಟು ಹಿಡಿದು ನಿಲ್ಲುತ್ತಿದ್ದ. ಮುಂದಿನ ಮಾತು ಏನೆಂದು ಎಲ್ಲರಿಗೂ ಗೊತ್ತು. ಗೊತ್ತಿದ್ದೇ ನಗುತ್ತಿದ್ದರು.

ಎಣ್ಣೆಯ ಜಿಡ್ಡಿಗೆ, ಒಲೆಯ ಕಾವಿಗೆ ಕ್ಯಾಸೆಟ್ಟಿನ ರೀಲು ಆಗಾಗ ಸಿಕ್ಕಿಬೀಳುತ್ತಿತ್ತು. ಪೆನ್ಸಿಲ್ ತೂರಿಸಿ ಅದನ್ನು ಸುತ್ತುವುದು ನನ್ನ ಪಾಲಿನ ಕೆಲಸ. ಸುತ್ತಿ ಸುತ್ತಿ ರೀಲು ಜಗ್ಗಿಹೋಗಿ ದನಿ ಜೋಲಿ ಹೊಡೆಯತೊಡಗಿತು. ಬೇರೆ ಕ್ಯಾಸೆಟ್ಟಾಗಿದ್ದರೆ ತಿಪ್ಪೆಗೆ ಒಗೆಯಬೇಕಿತ್ತು. ಕುಡುಕನ ಪಾತ್ರಕ್ಕೆ ಅದು ಇನ್ನಷ್ಟು ಒಪ್ಪಿತು!

ನಾಟಕದ ರುಚಿ ನಮ್ಮೂರಿಗೆ ಹೊಸದೇನಲ್ಲ. ವೃತ್ತಿರಂಗಭೂಮಿಯ ನಟಿ ರೆಹಮಾನವ್ವ ಕಲ್ಮನಿ ಇಲ್ಲಿಯವರು. ಗುದ್ನೆಪ್ಪನಮಠದ ಜಾತ್ರೆ ಬಂತೆಂದರೆ ‘ಈ ಸಲ ಯಾವ ಕಂಪನಿ?’ ಎಂಬುದೇ ಮೊದಲ ಪ್ರಶ್ನೆ. ಕಂಪನಿಯಲ್ಲಿ ಹಾಸ್ಯಗಾರನ ಕಷ್ಟ ಹಾಸ್ಯಗಾರನಿಗೇ ಗೊತ್ತು. ಹಿಂದೆ ಸೀನು ಬದಲಾಗುವ ತನಕ ಮುಂದಿನ ಪರದೆಯ ಎದುರು ನಿಂತು ಜನರನ್ನು ಹಿಡಿದಿಡಬೇಕು. ನಾಯಕಿಯ ಸೀರೆ ಬದಲಾಗಿಲ್ಲವೇ, ಇನ್ನೆರಡು ಮಾತು ಜಗ್ಗು. ಮುಂದಿನ ಕುರ್ಚಿಯಲ್ಲಿ ಊರಗೌಡರು ತೂಕಡಿಸುತ್ತಿದ್ದಾರೆಯೇ, ಅವರ ಮೇಲೂ ಒಂದು ಇರಲಿ. ಮಾತು ಜಗ್ಗುವುದೇ ಅವನ ಕಸುಬು. ಇವತ್ತು ಜಗ್ಗಿದಷ್ಟೇ ನಾಳೆಯೂ ಜಗ್ಗಬೇಕೆಂದಿಲ್ಲ.

ವಿಜಯಪುರ ಸೀಮೆಯ ರಾಜೇಸಾಬ ಮಕ್ತುಂಸಾಬ ತಾಳಿಕೋಟಿ ಬೆಳೆದದ್ದು ಇಂಥ ಲೋಕದಲ್ಲಿ. ಅವರ ಕಂಪನಿಗೆ ತಾಳಿಕೋಟಿಯ ಖಾಸ್ಗತೇಶ್ವರರ ಹೆಸರು. ಮುಸಲ್ಮಾನರ ಮನೆಯ ಹುಡುಗ, ಮಠದ ಸ್ವಾಮಿಯ ಹೆಸರಿನ ನಾಟ್ಯಸಂಘ: ಇದರಲ್ಲಿ ಆಶ್ಚರ್ಯಪಡುವಂಥದ್ದು ಏನಾದರೂ ಇದೆಯೆಂದು ನಮ್ಮ ಕಡೆ ಯಾರಿಗೂ ಅನ್ನಿಸಿರಲಿಲ್ಲ.

ಧಾರವಾಡ ಆಕಾಶವಾಣಿ 1950ರಿಂದಲೂ ನಮಗೆ ನಾಟಕ ಕೇಳಿಸಿದೆ. ನಾಟಕಕಾರ ಎನ್ಕೆ ಕುಲಕರ್ಣಿಯವರಂಥವರು ಅಲ್ಲಿದ್ದರು. ಆದರೆ ರೇಡಿಯೋದ ನಗು ಓದಿದವರ ನಗು, ತುಟಿ ದಾಟುವುದು ಕಡಿಮೆ. ಹೊಟ್ಟೆ ಹಿಡಿದುಕೊಂಡು ನಗಲು ಮಿರ್ಚಿ ಅಂಗಡಿಗೆ ಕ್ಯಾಸೆಟ್ಟೇ ಬೇಕಾಯಿತು. ಟೆಂಟಿಗೆ ಹೋಗಲಾಗದ ಹೆಣ್ಣುಮಕ್ಕಳಿಗೂ ಅದು ಕುಡುಕನನ್ನು ಮನೆಗೆ ತಂದುಕೊಟ್ಟಿತು. ಖರೇ ಕುಡುಕನ ಕೂಡ ದಿನಾ ಏಗುವವರು ಈ ಕುಡುಕನಿಗೆ ಎಲ್ಲರಿಗಿಂತ ಜೋರಾಗಿ ನಗುತ್ತಿದ್ದರು. ಕ್ಯಾಸೆಟ್ಟು ಕಸಿದುಕೊಂಡದ್ದೂ ಉಂಟು. ಒಂದು ಮಗ್ಗಲು ಮುಗಿದರೆ ಮಾತೂ ಮುಗಿಯಿತು, ಜಗ್ಗಲು ಜಾಗವಿಲ್ಲ. ಮೇಲಾಗಿ ಮುಖವೇ ಇಲ್ಲ.

ಮುಖ ಬಂದದ್ದು ಸಿನಿಮಾದಿಂದ. 2009ರಲ್ಲಿ ಯೋಗರಾಜ ಭಟ್ಟರ ‘ಮನಸಾರೆ’, ಮರುವರ್ಷ ‘ಪಂಚರಂಗಿ’. ಟಿವಿಯಲ್ಲಿ ನೋಡಿದ ನಮ್ಮ ಚಿಗವ್ವನಿಗೆ ನಂಬಿಕೆಯೇ ಬರಲಿಲ್ಲ. ‘ಇಂವಾ ಏನೋ ಅಂವಾ? ದನಿ ಕೇಳಿ ಭಾರಿ ಆಳು ಇರಬೇಕು ಅನ್ಕೊಂಡಿದ್ನೆಲ್ಲೊ!’ ಬೆಂಗಳೂರು ಮೈಸೂರಿನವರಿಗೆ ಮಾತ್ರ ಅವರು ಆಗಷ್ಟೇ ಹುಟ್ಟಿದ ನಟ. ನಮ್ಮ ಭಾಷೆಯ ಪಾತ್ರವೆಂದರೆ ಬೇರೆ ಸೀಮೆಯವರು ನಾಲಿಗೆ ತಿರುಚಿ ಮಾಡುವುದನ್ನು ಕಂಡು ಬೇಸತ್ತಿದ್ದ ನಮಗೆ, ತೆರೆಯ ಮೇಲೆ ಖರೇ ನಾಲಿಗೆ ಸಿಕ್ಕಿತು. ಸಿಕ್ಕಿದ್ದು ಕೆಲವೇ ನಿಮಿಷ, ಆ ಮಾತು ಬೇರೆ.

2019ರಲ್ಲಿ ಅವರು ‘ಬಿಗ್ ಬಾಸ್’ ಮನೆಗೆ ಹೋದದ್ದು ನನಗೆ ಸೇರಲಿಲ್ಲ. ಪಾತ್ರವೂ ಇಲ್ಲ, ಪರದೆಯೂ ಇಲ್ಲ. ಹಗಲು ರಾತ್ರಿ ಬರೀ ತಾವಾಗಿಯೇ ಇರಿ ಎಂದರೆ ಕಂಪನಿ ನಟ ಏನು ಮಾಡಿಯಾನು? 2024ರಲ್ಲಿ ಅವರನ್ನು ಧಾರವಾಡ ರಂಗಾಯಣದ ನಿರ್ದೇಶಕರನ್ನಾಗಿ ಮಾಡಿದಾಗ ಮಾತ್ರ ದೊಡ್ಡಪ್ಪ ಗಿರಾಕಿಗಳಿಗೆಲ್ಲ ಪುಕ್ಕಟೆ ಚಹಾ ಕೊಟ್ಟ. ಹವ್ಯಾಸಿಗಳ ಗಡಿಯೊಳಗೆ ಕಂಪನಿಯವನೊಬ್ಬ ಕುರ್ಚಿ ಹಾಕಿ ಕೂತದ್ದು ಸಣ್ಣ ಸಂಗತಿಯೇನಲ್ಲ.

ಕುರ್ಚಿಯಲ್ಲಿ ಬಹಳ ದಿನ ಕೂರಲಾಗಲಿಲ್ಲ. ಉಡುಪಿ ಕಡೆ ಶೂಟಿಂಗಿಗೆ ಹೋದಾಗ ಹೃದಯಾಘಾತವಾಗಿ 2025ರ ಅಕ್ಟೋಬರ್ 13ರಂದು ತೀರಿಕೊಂಡರು. ಅವತ್ತಿನಿಂದ ನಮ್ಮ ಹುಡುಗರ ಮೊಬೈಲಿನಲ್ಲಿ ಅವರ ಮಾತಿನ ತುಣುಕುಗಳು ಓಡಾಡುತ್ತಿವೆ. ನಗು ಬರುವ ಸಾಲಿಗೇ ಶುರು, ಅದೇ ಸಾಲಿಗೆ ಮುಗಿತಾಯ. ಆ ಸಾಲನ್ನು ಅವರ ಬಾಯಿಂದ ಹೊರಡಿಸಲೆಂದೇ ಎದುರಿನ ಪಾತ್ರದವರು ಹದವಾಗಿ ಎತ್ತಿಕೊಟ್ಟ ಪ್ರಶ್ನೆಯನ್ನು ಕತ್ತರಿಸಿ ಒಗೆದಿರುತ್ತಾರೆ.