ಪಿಂಕಿಯ ಎರಡು ಚೀಟಿಗಳು

ನಾಯಿಗೂ ಹೃದ್ರೋಗವೇ ಎಂದು ಹುಬ್ಬೇರಿಸುವವರು ಈಗಲೂ ಇದ್ದಾರೆ. ಆದರೆ ವಯಸ್ಸಾದ ಸಣ್ಣ ಜಾತಿಯ ನಾಯಿಗಳಲ್ಲಿ ಅದು ಅಪರೂಪವೇನಲ್ಲ. ಹೃದಯದ ಎಡಭಾಗದ ಕವಾಟ ದಪ್ಪಗಾಗಿ, ಸರಿಯಾಗಿ ಮುಚ್ಚದೆ, ಮುಂದೆ ಹೋಗಬೇಕಾದ ರಕ್ತದಲ್ಲಿ ಒಂದಿಷ್ಟು ಹಿಂದಕ್ಕೇ ಸೋರುತ್ತದೆ. ಕ್ರಮೇಣ ಹೃದಯ ಹಿಗ್ಗುತ್ತದೆ. ಕಡೆಗೆ ಶ್ವಾಸಕೋಶದಲ್ಲಿ ನೀರು ತುಂಬುವುದೂ ಉಂಟು.

ಮೈಸೂರಿನ ಮನೆಯೊಂದರಲ್ಲಿ 12 ವರ್ಷದ ಪಾಮೆರೇನಿಯನ್ ಪಿಂಕಿಗೆ ಆದದ್ದೂ ಇದೇ. ರಾತ್ರಿಯೆಲ್ಲ ಕೆಮ್ಮುತ್ತಿದ್ದ ಅದನ್ನು ಪರೀಕ್ಷಿಸಿದ ಪಶುವೈದ್ಯರು ಎರಡು ಮಾತ್ರೆ ಬರೆದುಕೊಟ್ಟರು. ಹೃದಯದ ಸ್ನಾಯುವಿಗೆ ಬಲ ಕೊಡುವ ಪಿಮೊಬೆಂಡಾನ್ ಅನ್ನು ದಿನಕ್ಕೆರಡು ಸಲ, ಊಟಕ್ಕೆ ಒಂದು ಗಂಟೆ ಮೊದಲು ಕೊಡಬೇಕು. ಇನ್ನೊಂದು ಫ್ಯೂರೋಸೆಮೈಡ್, ಮೈಯಲ್ಲಿ ನಿಂತ ನೀರನ್ನು ಮೂತ್ರದ ಮೂಲಕ ಹೊರಹಾಕುವಂಥದು. ಜೊತೆಗೆ ಮನೆಯವರಿಗೊಂದು ಕೆಲಸ: ನಾಯಿ ನಿದ್ದೆಯಲ್ಲಿರುವಾಗ ನಿಮಿಷಕ್ಕೆ ಎಷ್ಟು ಸಲ ಉಸಿರಾಡುತ್ತದೆ ಎಂದು ಎಣಿಸಿ ಬರೆದಿಡುವುದು. 30ರ ಒಳಗಿದ್ದರೆ ಸಮಾಧಾನ. ಮೀರುತ್ತ ಹೋದರೆ ಕೂಡಲೇ ತಿಳಿಸಬೇಕು.

ಒಂಬತ್ತನೇ ತರಗತಿಯ ಮಗಳು ಆ ಕೆಲಸ ವಹಿಸಿಕೊಂಡಳು. ಹಳೆಯ ನೋಟ್‌ಬುಕ್ಕಿನ ಖಾಲಿ ಹಾಳೆಗಳಲ್ಲಿ 22, 24, 21 ಎಂದು ಅಂಕಿಗಳು ತುಂಬುತ್ತ ಹೋದವು.

ಮಳೆಗಾಲ ಬಂತು. ಪಿಂಕಿಗೆ ತುರಿಕೆ ಹತ್ತಿಕೊಂಡಿತು. ಪಾದ ನೆಕ್ಕುವುದು, ಕಿವಿ ಕೆರೆಯುವುದು, ರಾತ್ರಿ ಯಾರಿಗೂ ನಿದ್ದೆಯಿಲ್ಲ. ತಾಯಿ ಮನೆಯ ಔಷಧಿ ಡಬ್ಬಿಯಿಂದ ನೆಗಡಿ ಮಾತ್ರೆ ತೆಗೆದರು. "ನನ್ನ ಅಲರ್ಜಿಗೂ ಇದೇ ಅಲ್ಲವೇ? ಕಾಲು ಭಾಗ ಕೊಟ್ಟರಾಯಿತು" ಎಂದರು. ಮಗಳು ಸ್ಟ್ರಿಪ್ಪಿನ ಹಿಂಬದಿ ಓದಿದಳು. "ಅಮ್ಮಾ, ಇದರಲ್ಲಿ ಸೆಟಿರಿಜಿನ್ ಒಂದೇ ಇಲ್ಲ. ಫಿನೈಲೆಫ್ರಿನ್, ಪ್ಯಾರಾಸಿಟಮಾಲ್ ಕೂಡ ಸೇರಿವೆ." ಕಟ್ಟಿದ ಮೂಗು ಬಿಡಿಸುವ ಫಿನೈಲೆಫ್ರಿನ್ ರಕ್ತನಾಳಗಳನ್ನು ಬಿಗಿಗೊಳಿಸಿ ರಕ್ತದೊತ್ತಡ ಏರಿಸಬಲ್ಲದು, ದಣಿದ ಹೃದಯಕ್ಕೆ ಅದು ಹೊರೆ. ಮಾತ್ರೆ ಡಬ್ಬಿಗೆ ವಾಪಸು ಹೋಯಿತು.

ಮನೆಯ ವೈದ್ಯರು ಊರಲ್ಲಿರಲಿಲ್ಲ. ತಂದೆ ಪಿಂಕಿಯನ್ನು ಬೇರೊಂದು ಚಿಕಿತ್ಸಾಲಯಕ್ಕೆ ಕರೆದೊಯ್ದರು. ಅಲ್ಲಿ ಚರ್ಮದ ವಿಷಯ ಕೇಳಿದರು, ಇವರು ಚರ್ಮದ ವಿಷಯ ಹೇಳಿದರು. ಹೃದಯದ ಮಾತು ಬರಲೇ ಇಲ್ಲ. ಪ್ರೆಡ್ನಿಸೋಲೋನ್ ಮಾತ್ರೆ ಬಂತು. ಎರಡೇ ದಿನಕ್ಕೆ ತುರಿಕೆ ನಿಂತು ಎಲ್ಲರಿಗೂ ನೆಮ್ಮದಿ. ಆದರೆ ಪಿಂಕಿ ಪದೇ ಪದೇ ನೀರಿನ ಬಟ್ಟಲಿಗೆ ಹೋಗತೊಡಗಿತು. ಐದನೆಯ ರಾತ್ರಿ ನೋಟ್‌ಬುಕ್ಕಿನಲ್ಲಿ 36. ಒಂದು ತಾಸಿನ ಬಳಿಕ 42. ಹುಡುಗಿ ತಂದೆಯನ್ನು ಎಬ್ಬಿಸಿದಳು.

ಅಷ್ಟರಲ್ಲಿ ಮನೆಯ ವೈದ್ಯರು ಊರಿಗೆ ಮರಳಿದ್ದರು. ಆಮ್ಲಜನಕ, ಇಂಜೆಕ್ಷನ್ ಕೊಟ್ಟು ಉಸಿರು ಹತೋಟಿಗೆ ಬಂದಮೇಲೆ ಎರಡು ಚೀಟಿಗಳನ್ನೂ ಮೇಜಿನ ಮೇಲೆ ಪಕ್ಕಪಕ್ಕ ಇಟ್ಟರು. "ಎರಡೂ ಒಳ್ಳೆಯ ಔಷಧಿಗಳೇ. ಇವು ಒಂದೇ ನಾಯಿಗೆ ಎಂದು ಬರೆದವರಿಗೆ ಗೊತ್ತಿರಲಿಲ್ಲ, ಅಷ್ಟೇ" ಎಂದರು. ಸ್ಟೀರಾಯ್ಡ್‌ನಿಂದ ಮೈಯಲ್ಲಿ ನೀರು ನಿಂತು ರಕ್ತದ ಪ್ರಮಾಣ ಹೆಚ್ಚಬಹುದು; ಫ್ಯೂರೋಸೆಮೈಡ್ ಜೊತೆ ಸೇರಿದರೆ ಪೊಟ್ಯಾಸಿಯಂ ಇಳಿಯಬಹುದು. ಹಾಗೆಂದು ಹೆಚ್ಚು ದಿನ ಕೊಟ್ಟ ಸ್ಟೀರಾಯ್ಡನ್ನು ತಟ್ಟನೆ ನಿಲ್ಲಿಸುವುದೂ ಅಪಾಯ. ಇಳಿಸುವುದು, ನಿಲ್ಲಿಸುವುದು ಎರಡೂ ವೈದ್ಯರ ತೀರ್ಮಾನ.

ತುರಿಕೆಗೆ ಬೇರೆ ದಾರಿಗಳಿದ್ದವು. ವಾರಕ್ಕೊಮ್ಮೆ ಔಷಧಿಯ ಶಾಂಪೂ ಸ್ನಾನ, ಚಿಗಟದ ನಿವಾರಣೆ, ಹೊರಗಿನಿಂದ ಬಂದೊಡನೆ ಪಾದ ಒರೆಸುವುದು. ಮಾತ್ರೆಯೂ ಬದಲಾಯಿತು: ಅಮೆರಿಕದಲ್ಲಿ 2013ರಲ್ಲಿ ಅನುಮತಿ ಪಡೆದ, ಸ್ಟೀರಾಯ್ಡ್ ಅಲ್ಲದ ಓಕ್ಲಾಸಿಟಿನಿಬ್. ಗಂಭೀರ ಸೋಂಕು, ಕ್ಯಾನ್ಸರ್ ಇರುವ ನಾಯಿಗಳಿಗೆ ಅದೂ ಸಲ್ಲದಾದ್ದರಿಂದ ರಕ್ತಪರೀಕ್ಷೆಯ ನಂತರವೇ ಆರಂಭಿಸಿದರು.

ನಾಯಿ ಸಾಕಿದವರೆಲ್ಲ ಮಾಡಬಹುದಾದ ಕೆಲಸ ಒಂದಿದೆ. ಕೊಡುವ ಔಷಧಿಗಳ ಹೆಸರು, ಪ್ರಮಾಣ, ವೇಳೆಯನ್ನು ಒಂದೇ ಹಾಳೆಯಲ್ಲಿ ಬರೆದಿಡುವುದು. ಕಿವಿಗೆ ಹಾಕುವ ಹನಿ, ಮನೆಮದ್ದುಗಳೂ ಅದರಲ್ಲಿರಲಿ. ಯಾವ ವೈದ್ಯರ ಬಳಿ ಹೋದರೂ, ಅವರು ಕೇಳಲಿ ಬಿಡಲಿ, ಮೊದಲು ಆ ಹಾಳೆ ತೋರಿಸಬೇಕು. ತನಗೇನು ಕಾಯಿಲೆ ಎಂದು ಮೂಕಪ್ರಾಣಿ ತಾನೇ ಹೇಳಲಾರದು, ಮನೆಯವರೇ ಹೇಳಬೇಕು.